ಬುಟ್ಟಿಗೆ ನೆನಪಿಲ್ಲ

ಉಪ್ಪುನರಿ ಅಂತ ಹೆಸರಿಟ್ಟವಳು ಸಫ್ರೀನಾ.
ಆಟ ಪೂರಾ ಜಪಾನಿಯಲ್ಲಿ, ನಮಗೆ ಓದಲಿಕ್ಕೆ ಬಂದದ್ದು
ಪರದೆಯ ಮೂಲೆಯ ಅಂಕೆ ಮಾತ್ರ.
ಹಾಗಾಗಿ ಆ ಕಾಡಿನ ಅಷ್ಟೂ ಪ್ರಾಣಿಗಳಿಗೆ ನಾವೇ ನಾಮಕರಣ:
ಗರಗಸಮೂತಿ, ದೋಸೆಕಪ್ಪೆ, ಹೊಗೆಕೋಳಿ,
ಮತ್ತೊಂದು ಥೇಟು ನಮ್ಮ ಹೆಡ್ಮಾಷ್ಟ್ರು.
ಉಪ್ಪುನರಿ ಮಾತ್ರ ಒಂದೇ ಒಂದು. ಬಿಳಿ.
ಗುಹೆಯ ಕೊನೆಯಲ್ಲಿ ಬಾಲ ಸುತ್ತಿ ಕೂತಿತ್ತು.

ಶಾರ್ಜಾದಿಂದ ಅವಳ ಮಾಮ ಫೋನಿನಲ್ಲಿ ಹೇಳಿದ ಸೂತ್ರ
ನನ್ನ ಎಂಟನೇ ಕ್ಲಾಸಿನ ಗಣಿತ ಪುಸ್ತಕದ ಹಿಂದೆ:
ಪೂರ್ತಿ ಜೀವದ ಮೂರು ಪಟ್ಟು,
ಅದರಿಂದ ಉಳಿದ ಜೀವದ ಎರಡು ಪಟ್ಟು ಕಳೆ,
ಮತ್ತೆ ಆ ಮೂರು ಪಟ್ಟಿನಿಂದಲೇ ಭಾಗಿಸು.
ನರಿಯ ಹಟದಿಂದ ಗುಣಿಸು:
ಇನ್ನೂರ ಐವತ್ತೈದರಲ್ಲಿ ಮೂರು.
ನಿದ್ದೆ ಬರಿಸಿದರೆ ಇಮ್ಮಡಿ.

ನಲವತ್ತರಲ್ಲಿ ಎರಡೇ ಜೀವ ಉಳಿಸಿ
ದೋಸೆಕಪ್ಪೆಯಿಂದ ಜೋಗುಳ ಹಾಡಿಸಿ
ಲೆಕ್ಕ ಹಾಕಿದರೆ, ನಲವತ್ತನಾಲ್ಕರಲ್ಲಿ ಒಂದು.

"ಹಾಗಾದರೆ ನಲವತ್ತನಾಲ್ಕು ಬುಟ್ಟಿ ಎಸೆದರೆ ಆಯ್ತಲ್ಲ."
ಆಗಲಿಲ್ಲ ಸಫ್ರೀನಾ. ಅಷ್ಟು ಎಸೆದ ಮೇಲೂ
ನೂರು ಜನರಲ್ಲಿ ಮೂವತ್ತಾರು ಮಂದಿ ಬರಿಗೈ.
"ಅದು ಯಾಕೆ?"
ಬುಟ್ಟಿಗೆ ನೆನಪಿಲ್ಲ ಮಾರಾಯ್ತಿ.
ಇಷ್ಟು ಸಲ ಸೋತವರು ಇವರು ಅಂತ
ಅದಕ್ಕೆ ಗೊತ್ತೇ ಇಲ್ಲ.

ಜಲಜಾಕ್ಷಿ ಟೀಚರ್ ನಾಣ್ಯದ ಬಗ್ಗೆ ಹೇಳಿದ ಮಾತು ಅದು.
ಮನೆಯಲ್ಲಿ ಹೇಳುವ ಹಾಗಿರಲಿಲ್ಲ.

ಹೊಸಂಗಡಿಯ ರೈಲ್ವೆ ಗೇಟು ಬಿದ್ದಾಗ
ಅಪ್ಪನ ಅಂಗಡಿ ತೆರೆಯುತ್ತಿತ್ತು.
ಕುತ್ತಿಗೆಗೆ ಹಲಗೆ, ಹಲಗೆಗೆ ಕ್ಲಿಪ್ಪು,
ಕ್ಲಿಪ್ಪಿನಲ್ಲಿ ಗಾಳಿಗೆ ಪಟಪಟ ಲಾಟರಿ.
ತಲಪಾಡಿ ದಾಟಿ ಬಂದ ಲಾರಿಯವರು, ಮೀನಿನ ಟೆಂಪೊ,
ಮದುವೆಗೆ ಹೊರಟ ಜೀಪು, ಎಲ್ಲರೂ
ಅಪ್ಪನಿಗಾಗಿಯೇ ನಿಂತ ಹಾಗೆ ನಿಂತಿರುತ್ತಿದ್ದರು.
"ಐತಪ್ಪಣ್ಣ, ಕಡೆಯಲ್ಲಿ ಏಳು ಇರುವುದು ಕೊಡಿ."
"ಮೊನ್ನೆ ಒಂದೇ ನಂಬರಿಗೆ ತಪ್ಪಿತು, ಇವತ್ತು ಬರಲೇಬೇಕಲ್ಲ?"
ಬರುತ್ತದೆ ಅಂತ ಅಪ್ಪ ಹೇಳಿದ್ದು ನಾನು ಕೇಳಿಲ್ಲ,
ಬರುವುದಿಲ್ಲ ಅಂತಲೂ ಇಲ್ಲ.
"ನೋಡುವ" ಅನ್ನುತ್ತಿದ್ದ.

ಅವನು ಯಾವತ್ತೂ ಟಿಕೆಟ್ಟು ಕೊಂಡವನಲ್ಲ.
ಆದರೆ ಮೂರು ಗಂಟೆಯ ಡ್ರಾದ ಹೊತ್ತಿಗೆ
ಯಾರಿಗೂ ಬೇಡವಾಗಿ ಉಳಿದದ್ದೆಲ್ಲ ಅವನದೇ.
ರೈಲು ತಡವಾಗಿ ಗೇಟು ಬೀಳದ ದಿನ
ನಮ್ಮ ಅದೃಷ್ಟ ಜಾಸ್ತಿ, ಅಕ್ಕಿ ಕಮ್ಮಿ.

ಅಂಥ ಒಂದು ದಿನ ಹನ್ನೊಂದು ಉಳಿಯಿತು.
ಲೆಕ್ಕ ಹಾಕಲಿಕ್ಕೆ ಕೂತೆ;
ಸೊನ್ನೆಗಳಿಗೆ ಪುಟದ ಅಗಲ ಸಾಲಲಿಲ್ಲ.
ಅಪ್ಪ ಬಗ್ಗಿ ನೋಡಿದ:
"ನಿನ್ನ ನರಿಗಿಂತ ಹೆಚ್ಚುಂಟೋ, ಕಮ್ಮಿಯೋ?"
"ಚೂರು ಕಮ್ಮಿ" ಅಂದೆ.

ಮರುದಿನ ತಡೆಯಲಾಗದೆ
ಟೆಂಪೊದಲ್ಲಿ ಕೂತ ಮೀನಿನ ಗುಲಾಬಿಯಕ್ಕನಿಗೆ ಹೇಳಿಬಿಟ್ಟೆ.
ನೂರು ಸಲ ತಪ್ಪಿದರೂ ನೂರೊಂದನೆಯದಕ್ಕೆ
ಅದೇ ಹಳೆಯ ಲೆಕ್ಕ, ಅಕ್ಕ. ಬರಲೇಬೇಕು ಅಂತ ಇಲ್ಲ.
ಅವಳು ಸೆರಗಿನ ಗಂಟು ಬಿಚ್ಚುತ್ತಲೇ ಇದ್ದಳು.
"ಗೊತ್ತುಂಟು ಮಗಾ.
ಗೇಟು ತೆಗೆಯುವವರೆಗೆ ಮತ್ತೆಂತ ಮಾಡುವುದು?"

ಅವತ್ತು ಸಂಜೆ ನಮ್ಮಲ್ಲಿ ಇದ್ದದ್ದು ಮೂವತ್ತು ಬುಟ್ಟಿ.
ಮೂವತ್ತಕ್ಕೆ ಲೆಕ್ಕ ಸರಿಸುಮಾರು ಅರ್ಧ:
ಸಿಗುವುದೂ ಅಷ್ಟೇ, ಸಿಗದಿರುವುದೂ ಅಷ್ಟೇ.
ಸಫ್ರೀನಾ ಉಸಿರು ಬಿಗಿ ಹಿಡಿದಳು.
ಗುಂಡಿ ಒತ್ತಿಹಿಡಿದರೆ ಬುಟ್ಟಿ ಗಟ್ಟಿಯಾಗುತ್ತದಂತೆ,
ಅದು ಸುಳ್ಳೆಂದು ನನಗೆ ಗೊತ್ತು,
ಒತ್ತಿಹಿಡಿದೆ.

ಹದಿನೇಳು ಖಾಲಿ.
ಹದಿನೆಂಟನೆಯದು ನರಿಯನ್ನು ನುಂಗಿ ನೆಲಕ್ಕೆ ಬಿತ್ತು.
ಒಮ್ಮೆ ಅಲುಗಿತು.
ಮತ್ತೊಮ್ಮೆ.
ಆಚೆ ಗೇಟಿನ ಗಂಟೆ ಬಡಿಯತೊಡಗಿತು.
ಅಪ್ಪ ಅರ್ಧ ಕುಡಿದ ಚಾ ಕಟ್ಟೆಯ ಮೇಲಿಟ್ಟು
ಹಲಗೆ ಕುತ್ತಿಗೆಗೆ ಹಾಕಿಕೊಂಡು
ನಿಲ್ಲತೊಡಗಿದ ಬಂಡಿಗಳ ಕಡೆ ಓಡಿದ.